ತುಮಕೂರಿನಿಂದ ವಾರಿಯರ್ಸ್ ತವರಿನ ಪಂದ್ಯ ನೋಡುವವರಿಗೆ: 41 ಬೆಳಗುಗಳ ಪಟ್ಟಿ ಮಾಡಿಕೊಳ್ಳುವುದು ಹೇಗೆ?

ನಮ್ಮ ಅಡುಗೆಮನೆ ಗೋಡೆಯ ಮೇಲೆ ಬೆಂಗಳೂರು ಪ್ರೆಸ್ ಕ್ಯಾಲೆಂಡರ್ ಇದೆ. ಅದರಲ್ಲಿ ಅಮ್ಮ ಹಾಲಿನ ಲೆಕ್ಕ ಬರೆಯುತ್ತಾರೆ. ಗ್ಯಾಸ್ ಸಿಲಿಂಡರ್ ಬಂದ ದಿನ ಒಂದು ಸುತ್ತು ಹಾಕುತ್ತಾರೆ. ಅದೇ ಚೌಕಗಳ ಮೂಲೆಯಲ್ಲಿ ನನ್ನ ಅಕ್ಷರಗಳೂ ಇರುತ್ತವೆ: ‘ಲೇ 8.30’, ‘ಕಿಂ 7’, ‘ಬಾ 3.30’. ಲೇಕರ್ಸ್, ಕಿಂಗ್ಸ್, ಬಾಸ್ಟನ್ ಅನ್ನುವ ಎದುರಾಳಿ ತಂಡಗಳು. ಅಮೆರಿಕದ ಬಾಸ್ಕೆಟ್‌ಬಾಲ್ ತಂಡ ಗೋಲ್ಡನ್ ಸ್ಟೇಟ್ ವಾರಿಯರ್ಸ್ ತನ್ನ ತವರಿನಲ್ಲಿ, ಅಂದರೆ ಸ್ಯಾನ್ ಫ್ರಾನ್ಸಿಸ್ಕೋದ ಚೇಸ್ ಸೆಂಟರ್‌ನಲ್ಲಿ ಆಡುವ ಪಂದ್ಯ ತುಮಕೂರಿನಲ್ಲಿ ಯಾವ ದಿನ, ಎಷ್ಟು ಗಂಟೆಗೆ ಅನ್ನುವ ಗುರುತುಗಳು ಇವು.

ಆ್ಯಪ್‌ನಲ್ಲೇ ಎಲ್ಲ ಇರುತ್ತಲ್ವಾ ಅಂತ ನೀವು ಕೇಳಬಹುದು. ಇರುತ್ತೆ. ಆದರೆ ಆ್ಯಪ್‌ಗೆ ನಿಮ್ಮ ಆಫೀಸಿನ ದಿನ ಗೊತ್ತಿಲ್ಲ, ಪರೀಕ್ಷೆ ಗೊತ್ತಿಲ್ಲ, ಸಂಕ್ರಾಂತಿಗೆ ಊರಿಗೆ ಹೋಗುವುದು ಗೊತ್ತಿಲ್ಲ. ಅಲ್ಲಿನ ರಾತ್ರಿಯ ಆಟ ನಮಗೆ ಬೆಳಗಿನ ಆಟ. ಹಾಗಾಗಿ ಅವರು ಕೊಟ್ಟ ವೇಳಾಪಟ್ಟಿಯನ್ನು ಒಮ್ಮೆ ಕೂತು ನಮ್ಮ ಬೆಳಗುಗಳಿಗೆ ಹೊಂದಿಸಿಕೊಳ್ಳಬೇಕು. ಒಂದು ಭಾನುವಾರ ಎರಡು ಗಂಟೆ ಕೂತರೆ ಸಾಕು, ಆರು ತಿಂಗಳು ನೆಮ್ಮದಿಯಾಗಿ ನೋಡಬಹುದು. ನಾನು ಮಾಡುವ ರೀತಿಯನ್ನೇ ಇಲ್ಲಿ ಬರೆದಿದ್ದೇನೆ. ನಿಮ್ಮ ತಂಡ ಬೇರೆಯಾದರೂ ದಾರಿ ಇದೇ.

ಪಟ್ಟಿ ಓದುವುದನ್ನು ಮೊದಲು ಕಲಿಯೋಣ

ವಾರಿಯರ್ಸ್ ಆಡುವುದು ಎನ್‌ಬಿಎ ಅನ್ನುವ ಬಾಸ್ಕೆಟ್‌ಬಾಲ್ ಲೀಗ್‌ನಲ್ಲಿ. ಅದರಲ್ಲಿ 30 ತಂಡಗಳು. ಒಂದೊಂದು ತಂಡಕ್ಕೆ ಲೀಗ್ ಹಂತದಲ್ಲಿ 82 ಪಂದ್ಯ. ಅದರಲ್ಲಿ 41 ತವರಿನಲ್ಲಿ, 41 ಹೊರಗೆ. ಅಕ್ಟೋಬರ್ ಕೊನೆಯ ಭಾಗದಲ್ಲಿ ಶುರುವಾಗಿ ಏಪ್ರಿಲ್ ಮಧ್ಯದವರೆಗೆ ನಡೆಯುತ್ತದೆ. ವೇಳಾಪಟ್ಟಿ ಸಾಮಾನ್ಯವಾಗಿ ಆಗಸ್ಟ್ ಮಧ್ಯದಲ್ಲಿ ಹೊರಗೆ ಬರುತ್ತದೆ.

ಪಟ್ಟಿಯಲ್ಲಿ ಒಂದು ಕಡೆ ಎಡವುತ್ತೇವೆ. ಫುಟ್‌ಬಾಲ್ ನೋಡುವವರಿಗೆ ತವರಿನ ತಂಡದ ಹೆಸರು ಮೊದಲು ಬರುವುದು ಅಭ್ಯಾಸ. ಅಮೆರಿಕದಲ್ಲಿ ಉಲ್ಟಾ. ಅಲ್ಲಿ ಅತಿಥಿ ತಂಡದ ಹೆಸರು ಮೊದಲು, ಮಧ್ಯೆ ಇಮೇಲ್ ವಿಳಾಸದಲ್ಲಿ ಬರುವ ಅಟ್ ಗುರುತು, ಆಮೇಲೆ ತವರಿನ ತಂಡ. ‘ಕಿಂಗ್ಸ್ ಅಟ್ ವಾರಿಯರ್ಸ್’ ಅಂತಿದ್ದರೆ ಕಿಂಗ್ಸ್‌ನವರು ನಮ್ಮ ಮನೆಗೆ ಬರುತ್ತಿದ್ದಾರೆ ಅಂತ ಅರ್ಥ. ಒಂದೇ ತಂಡದ ಪಟ್ಟಿ ತೆಗೆದರೆ ಎದುರಾಳಿಯ ಹೆಸರಿಗೆ ಮುಂಚೆ ಅಟ್ ಗುರುತು ಇದ್ದದ್ದು ಹೊರಗಿನ ಪಂದ್ಯ, ‘ವಿಎಸ್’ ಅಂತ ಇದ್ದದ್ದು ತವರಿನ ಪಂದ್ಯ.

ಟಿವಿ ಹಾಕಿದ ಮೇಲೂ ಅನುಮಾನ ಬಂದರೆ ಜೆರ್ಸಿ ನೋಡಿ ತೀರ್ಮಾನ ಮಾಡಬೇಡಿ. ಮೊದಲೆಲ್ಲ ತವರಿನ ತಂಡ ಬಿಳಿ ಹಾಕುತ್ತಿತ್ತು. 2017ರಿಂದ ಆ ಕಟ್ಟುಪಾಡು ಇಲ್ಲ, ಯಾವ ಬಣ್ಣ ಅನ್ನುವುದನ್ನು ತವರಿನ ತಂಡವೇ ಆರಿಸಿಕೊಳ್ಳುತ್ತದೆ. ನೆಲ ನೋಡಿ. ಕೋರ್ಟಿನ ನಡುವೆ ಸೇತುವೆಯ ಚಿತ್ರ ಇದ್ದರೆ ಅದು ನಮ್ಮನೆ. ಆ ಸೇತುವೆ ಸ್ಯಾನ್ ಫ್ರಾನ್ಸಿಸ್ಕೋ ಮತ್ತು ಓಕ್ಲೆಂಡ್ ನಡುವಿನ ಬೇ ಬ್ರಿಡ್ಜ್. ಎಷ್ಟೋ ಜನ ಅದನ್ನು ಗೋಲ್ಡನ್ ಗೇಟ್ ಅಂದುಕೊಂಡಿದ್ದಾರೆ. ತಂಡ 1970ರ ದಶಕದಿಂದ 2019ರವರೆಗೆ ಬಹುತೇಕ ಆಡಿದ್ದು ಓಕ್ಲೆಂಡ್‌ನಲ್ಲಿ. ಚೇಸ್ ಸೆಂಟರ್ ತೆರೆದದ್ದು 2019ರ ಸೆಪ್ಟೆಂಬರ್‌ನಲ್ಲಿ. ಈಗ ನಮ್ಮಮ್ಮನೂ ನೆಲ ನೋಡಿಯೇ ಕೇಳುತ್ತಾರೆ: “ಇವತ್ತು ನಮ್ಮನೇದೇನೋ?”

ಗಂಟೆಯ ಲೆಕ್ಕ

ಇಲ್ಲಿ ಸ್ವಲ್ಪ ನಿಧಾನವಾಗಿ ಓದಿ. ತಪ್ಪುವುದೆಲ್ಲ ಇಲ್ಲೇ.

ಕೆಲವು ವರ್ಷಗಳ ಹಿಂದೆ ಒಂದು ಮಾರ್ಚ್‌ನಲ್ಲಿ ಆಫೀಸಿಗೆ ರಜೆ ಹಾಕಿ, ಇಬ್ಬರು ಗೆಳೆಯರನ್ನು ಮನೆಗೆ ಕರೆದಿದ್ದೆ. ಚಳಿಗಾಲವಿಡೀ 8.30ಕ್ಕೆ ನೋಡಿ ಅಭ್ಯಾಸ. ಕ್ಯಾತ್ಸಂದ್ರಕ್ಕೆ ಹೋಗಿ ತಟ್ಟೆ ಇಡ್ಲಿ ಕಟ್ಟಿಸಿಕೊಂಡು ಬಂದು, 8.20ಕ್ಕೆ ಟಿವಿ ಹಾಕಿದರೆ ಆಗಲೇ ಎರಡನೇ ಕ್ವಾರ್ಟರ್, ಅಂದರೆ ಆಟದ ನಾಲ್ಕು ಭಾಗಗಳಲ್ಲಿ ಎರಡನೆಯದು, ನಡೆಯುತ್ತಿತ್ತು. ಇಡ್ಲಿ ಪೊಟ್ಟಣ ಬಿಚ್ಚದೆ ಮೂವರೂ ಪರದೆಯನ್ನೇ ನೋಡುತ್ತಾ ನಿಂತೆವು. ಆ ವಾರ ಅಮೆರಿಕದವರು ಗಡಿಯಾರವನ್ನು ಒಂದು ಗಂಟೆ ಮುಂದಕ್ಕೆ ತಿರುಗಿಸಿದ್ದರು. ನನಗೆ ಗೊತ್ತಿರಲಿಲ್ಲ.

ಅಲ್ಲಿ ಮಾರ್ಚ್ ತಿಂಗಳ ಎರಡನೇ ಭಾನುವಾರ ಗಡಿಯಾರ ಒಂದು ಗಂಟೆ ಮುಂದೆ ಹೋಗುತ್ತದೆ. ನವೆಂಬರ್ ಮೊದಲ ಭಾನುವಾರ ಮತ್ತೆ ಹಿಂದೆ ಬರುತ್ತದೆ. ನಮ್ಮ ಗಡಿಯಾರ ಬದಲಾಗುವುದಿಲ್ಲ. ಹಾಗಾಗಿ ಸ್ಯಾನ್ ಫ್ರಾನ್ಸಿಸ್ಕೋಗೂ ನಮಗೂ ಚಳಿಗಾಲದಲ್ಲಿ ಹದಿಮೂರೂವರೆ ಗಂಟೆ ವ್ಯತ್ಯಾಸ, ಉಳಿದ ಕಾಲದಲ್ಲಿ ಹನ್ನೆರಡೂವರೆ.

ಬಾಯಿಲೆಕ್ಕ ಹೀಗೆ ಮಾಡಿ. ಅವರ ಸಂಜೆಯನ್ನು ಮಾರನೇ ದಿನದ ಬೆಳಿಗ್ಗೆ ಅಂದುಕೊಳ್ಳಿ. ಚಳಿಗಾಲದಲ್ಲಿ ಅದಕ್ಕೆ ಒಂದೂವರೆ ಗಂಟೆ ಕೂಡಿಸಿ, ಬೇರೆ ಕಾಲದಲ್ಲಿ ಅರ್ಧ ಗಂಟೆ ಕೂಡಿಸಿ. ವಾರಿಯರ್ಸ್ ತವರಿನ ಪಂದ್ಯ ಹೆಚ್ಚಾಗಿ ಅಲ್ಲಿ ಸಂಜೆ 7ಕ್ಕೆ. ಚಳಿಗಾಲದಲ್ಲಿ ನಮಗೆ ಮಾರನೇ ಬೆಳಿಗ್ಗೆ 8.30. ಅಕ್ಟೋಬರ್ ಕೊನೆಯಲ್ಲೂ, ಮಾರ್ಚ್ ಎರಡನೇ ವಾರದ ನಂತರವೂ 7.30.

ಬದಲಾವಣೆ ಅವರಿಗೆ ಭಾನುವಾರ, ನಮಗೆ ಸೋಮವಾರ. ಅವರ ಶನಿವಾರ ರಾತ್ರಿಯ ಪಂದ್ಯ ನಮ್ಮ ಭಾನುವಾರ ಬೆಳಿಗ್ಗೆ ಬರುತ್ತದೆ, ಅದು ಹಳೇ ಲೆಕ್ಕ. ನಮ್ಮ ಸೋಮವಾರದ ಪಂದ್ಯದಿಂದ ಹೊಸ ಲೆಕ್ಕ. ಇದೇ ಕಾರಣಕ್ಕೆ ಕನ್ನಡ ರಾಜ್ಯೋತ್ಸವದ ಬೆಳಿಗ್ಗೆ ಪಂದ್ಯ ಬಿದ್ದರೆ ಅದು ಯಾವ ವರ್ಷವಾದರೂ ಅರ್ಧ ಗಂಟೆ ಕೂಡಿಸುವ ಲೆಕ್ಕವೇ. ಅವರಿಗೆ ಅದು ಅಕ್ಟೋಬರ್ 31ರ ರಾತ್ರಿ, ಗಡಿಯಾರ ಇನ್ನೂ ಹಿಂದೆ ಬಂದಿರುವುದಿಲ್ಲ.

ಇನ್ನೊಂದು ವಿಷಯ. ಎನ್‌ಬಿಎಯ ಎಷ್ಟೋ ಪಟ್ಟಿಗಳಲ್ಲಿ ಸಮಯ ‘ಇಟಿ’ ಅಂತ ಇರುತ್ತದೆ. ಅದು ನ್ಯೂಯಾರ್ಕ್ ಕಡೆಯ ಸಮಯ, ಸ್ಯಾನ್ ಫ್ರಾನ್ಸಿಸ್ಕೋಗಿಂತ ಮೂರು ಗಂಟೆ ಮುಂದೆ. ಅಲ್ಲಿ ‘ರಾತ್ರಿ 10 ಇಟಿ’ ಅಂದರೆ ನಮ್ಮ ತಂಡದ ಊರಿನಲ್ಲಿ ಸಂಜೆ 7. ಸಮಯದ ಪಕ್ಕದ ಎರಡಕ್ಷರ ನೋಡದೆ ಬರೆದುಕೊಳ್ಳಬೇಡಿ. ಇಟಿ ಇದ್ದರೆ ಚಳಿಗಾಲದಲ್ಲಿ ಸಂಜೆಯನ್ನು ಬೆಳಿಗ್ಗೆ ಮಾಡಿ ಒಂದೂವರೆ ಗಂಟೆ ಕಳೆಯಬೇಕು, ಬೇರೆ ಕಾಲದಲ್ಲಿ ಎರಡೂವರೆ ಗಂಟೆ.

ಇನ್ನೂ ಯಾವ ತಂಡವನ್ನೂ ಆರಿಸಿಕೊಳ್ಳದೆ ಇರುವವರಿಗೆ ನನ್ನ ಸಲಹೆ ಈ ಲೆಕ್ಕದಲ್ಲೇ ಇದೆ. ನ್ಯೂಯಾರ್ಕ್, ಬಾಸ್ಟನ್ ತಂಡಗಳ ತವರಿನ ಪಂದ್ಯ ಚಳಿಗಾಲದಲ್ಲಿ ನಮಗೆ ಬೆಳಗಿನ ಜಾವ 5.30, 6ಕ್ಕೆ ಬರುತ್ತದೆ. ಮಾರ್ಚ್ ನಂತರ 4.30ಕ್ಕೇ ಶುರು. ಪಶ್ಚಿಮ ಕರಾವಳಿಯ ವಾರಿಯರ್ಸ್, ಲೇಕರ್ಸ್, ಕ್ಲಿಪ್ಪರ್ಸ್, ಕಿಂಗ್ಸ್, ಪೋರ್ಟ್‌ಲೆಂಡ್ ತಂಡಗಳಾದರೆ ನಿದ್ದೆ ಮುಗಿಸಿ, ಸ್ನಾನ ಮಾಡಿ, ಕಾಫಿ ಹಿಡಿದು ಕೂರಬಹುದು. ವರ್ಷಗಟ್ಟಲೆ ನೋಡುವವರಿಗೆ ಇದು ಸಣ್ಣ ವಿಷಯವಲ್ಲ.

ಕೆಟ್ಟ ಸಮಯದ ಪಂದ್ಯಗಳನ್ನು ಮೊದಲೇ ಹುಡುಕಿ

ಎಲ್ಲ ತವರಿನ ಪಂದ್ಯವೂ 7ಕ್ಕೆ ಶುರುವಾಗಲ್ಲ. ಅಮೆರಿಕದ ದೊಡ್ಡ ಚಾನೆಲ್‌ಗಳು ತೋರಿಸುವ ಪಂದ್ಯವಾದರೆ ದೇಶವೆಲ್ಲ ನೋಡಲಿ ಅಂತ ಸಮಯ ಹಿಂದೆ ಮುಂದೆ ಆಗುತ್ತದೆ. ವಾರಿಯರ್ಸ್‌ಗೆ ಇಂಥ ಪಂದ್ಯ ಜಾಸ್ತಿ.

ಕ್ರಿಸ್‌ಮಸ್ ಪಂದ್ಯವನ್ನೇ ನೋಡಿ. 2024ರ ಡಿಸೆಂಬರ್ 25ಕ್ಕೆ ಲೇಕರ್ಸ್ ಚೇಸ್ ಸೆಂಟರ್‌ಗೆ ಬಂದರು. ಅಲ್ಲಿ ಸಂಜೆ 5, ನಮಗೆ 26ರ ಬೆಳಿಗ್ಗೆ 6.30. ಕೊನೆಯ ಕ್ಷಣದಲ್ಲಿ ಎರಡು ಪಾಯಿಂಟ್‌ನಿಂದ ಸೋತೆವು, 115-113. ಮುಂದಿನ ವರ್ಷ ಅದೇ ದಿನ ಡಲ್ಲಾಸ್ ಬಂದಾಗ ಪಂದ್ಯ ಇದ್ದದ್ದು ಅಲ್ಲಿ ಮಧ್ಯಾಹ್ನ 2ಕ್ಕೆ. ನಮಗೆ 26ರ ಬೆಳಗಿನ ಜಾವ 3.30! ಒಂದೇ ಹಬ್ಬ, ಒಂದೇ ಅಂಗಳ, ಮೂರು ಗಂಟೆ ವ್ಯತ್ಯಾಸ. ಡಿಸೆಂಬರ್ 24ರಂದು ಅಲ್ಲಿ ಪಂದ್ಯ ಇರುವುದಿಲ್ಲ. ಹಾಗಾಗಿ ನಮಗೆ ರಜೆ ಇರುವ 25ರ ಬೆಳಿಗ್ಗೆ ಏನೂ ಸಿಗುವುದಿಲ್ಲ. ರಜೆ ಹಾಕುವುದಾದರೆ 26ಕ್ಕೆ ಹಾಕಿ.

ಜನವರಿ ಮೂರನೇ ಸೋಮವಾರ ಮಾರ್ಟಿನ್ ಲೂಥರ್ ಕಿಂಗ್ ದಿನ. ಅಂದು ಹಗಲಲ್ಲೂ ಪಂದ್ಯಗಳಿರುತ್ತವೆ. 2025ರಲ್ಲಿ ಅಂದು ಬಾಸ್ಟನ್ ಸೆಲ್ಟಿಕ್ಸ್ ಬಂದಿತ್ತು. ನಮ್ಮ ಕ್ಯಾಲೆಂಡರ್‌ನಲ್ಲಿ ಮಂಗಳವಾರ, ಬೆಳಗಿನ ಜಾವ 3.30. ಅಲಾರಂ ಇಟ್ಟು ಎದ್ದು, ಸದ್ದು ಕಮ್ಮಿ ಮಾಡಿ, ಕಂಬಳಿ ಹೊದ್ದು ಕೂತೆ. 125-85, ನಲವತ್ತು ಪಾಯಿಂಟ್ ಸೋಲು. ಹೊರಗೆ ಹಾಲಿನವರ ಗಾಡಿ ಸದ್ದು ಕೇಳಿದಾಗ ಎಲ್ಲ ಮುಗಿದಿತ್ತು. ಆದರೂ ನಿದ್ದೆ ಹೋಯಿತು ಅಂತ ನನಗೆ ಬೇಸರವಾಗಲಿಲ್ಲ. ಆಗಿನ ಚಾಂಪಿಯನ್ ತಂಡ ನಮ್ಮ ಅಂಗಳಕ್ಕೆ ವರ್ಷಕ್ಕೆ ಒಂದೇ ಸಲ ಬರುತ್ತದೆ. ಆ ಒಂದು ಸಲ ನಾನು ಎದ್ದಿದ್ದೆ.

ಇದನ್ನು ಸ್ವಲ್ಪ ಬಿಡಿಸಿ ಹೇಳಬೇಕು, ಯಾಕಂದ್ರೆ ಮುಂದಿನ ಹೆಜ್ಜೆಗೆ ಇದೇ ಆಧಾರ. ಲೀಗ್‌ನಲ್ಲಿ ಪೂರ್ವ, ಪಶ್ಚಿಮ ಅಂತ ತಲಾ 15 ತಂಡಗಳ ಎರಡು ವಿಭಾಗ, ನಮ್ಮದು ಪಶ್ಚಿಮ. 82 ಪಂದ್ಯ ಹಂಚುವುದು ಹೀಗೆ. ಪೂರ್ವದ 15 ತಂಡಗಳ ಜೊತೆ ತಲಾ ಎರಡು, ಒಂದು ಅಲ್ಲಿ, ಒಂದು ಇಲ್ಲಿ. ಅಲ್ಲಿಗೆ 30. ನಮ್ಮದೇ ಪೆಸಿಫಿಕ್ ಗುಂಪಿನ ಲೇಕರ್ಸ್, ಕ್ಲಿಪ್ಪರ್ಸ್, ಕಿಂಗ್ಸ್, ಸನ್ಸ್ ಜೊತೆ ತಲಾ ನಾಲ್ಕು, ಅದರಲ್ಲಿ ಎರಡು ತವರಿನಲ್ಲಿ. ಪಶ್ಚಿಮದ ಉಳಿದ ಹತ್ತು ತಂಡಗಳಲ್ಲಿ ಆರರ ಜೊತೆ ನಾಲ್ಕು, ನಾಲ್ಕರ ಜೊತೆ ಮೂರು. ಕಿಂಗ್ಸ್ ಜೊತೆಗಿನ ಒಂದು ಪಂದ್ಯ ತಪ್ಪಿದರೆ ಇನ್ನೊಂದು ಸಿಗುತ್ತದೆ. ಪೂರ್ವದ ನಿಕ್ಸ್ (ನ್ಯೂಯಾರ್ಕ್) ಅಥವಾ ಸೆಲ್ಟಿಕ್ಸ್ ತಪ್ಪಿದರೆ ತವರಿನಲ್ಲಿ ಮತ್ತೆ ನೋಡಲು ಮುಂದಿನ ವರ್ಷವೇ.

ಮೂರು ಬಣ್ಣದಲ್ಲಿ ವಿಂಗಡಿಸಿ

ಈಗ 41 ಪಂದ್ಯಗಳನ್ನೂ ನಮ್ಮ ದಿನ, ನಮ್ಮ ಗಂಟೆಗೆ ತಿರುಗಿಸಿ ಒಂದು ನೋಟ್‌ಬುಕ್ಕಿನಲ್ಲಿ ಬರೆಯಿರಿ. ಅವರ ತಾರೀಖು ಬರೆಯಲೇಬೇಡಿ, ಎರಡು ತಾರೀಖು ಇದ್ದರೆ ಗೊಂದಲ. ಬರೆದ ಮೇಲೆ ವಾರದ ದಿನ ನೋಡಿ.

ನಮ್ಮ ಭಾನುವಾರಕ್ಕೆ ಅವರ ಶನಿವಾರದ ಪಂದ್ಯ ಬೇಕು. ಅವರ ಭಾನುವಾರದ ಪಂದ್ಯ ನಮಗೆ ಸೋಮವಾರ ಬೆಳಿಗ್ಗೆ ಬಂದು ಬೀಳುತ್ತದೆ, ಅಂದರೆ ವಾರದಲ್ಲೇ ಕಷ್ಟದ ಹೊತ್ತಿನಲ್ಲಿ. ಹೊಸಬರು ‘ಸಂಡೇ ಗೇಮ್’ ಅಂತ ನೋಡಿ ಖುಷಿಪಡುತ್ತಾರೆ. ಖುಷಿಪಡಬೇಕಾದದ್ದು ‘ಸ್ಯಾಟರ್ಡೇ’ ಅಂತ ಇದ್ದರೆ.

ನಾನು ಕೆಂಪು ಪೆನ್ನಿನಲ್ಲಿ ಗುರುತು ಹಾಕುವುದು ಏನೇ ಆದರೂ ಲೈವ್ ನೋಡುವ ಪಂದ್ಯಗಳಿಗೆ. ಭಾನುವಾರ ಬೆಳಿಗ್ಗೆ ಬರುವ ಎಲ್ಲವೂ, ರಜೆ ಇರುವ ಶನಿವಾರಗಳು, ಸಂಕ್ರಾಂತಿ, ಗಣರಾಜ್ಯೋತ್ಸವ, ಶಿವರಾತ್ರಿಯಂಥ ದಿನ ಬೀಳುವ ಪಂದ್ಯಗಳು, ಜೊತೆಗೆ ವರ್ಷಕ್ಕೊಮ್ಮೆ ಬರುವ ಎರಡು ಮೂರು ದೊಡ್ಡ ಅತಿಥಿಗಳು. ಎಲ್ಲ ಸೇರಿ ಹನ್ನೆರಡರಿಂದ ಹದಿನೈದು ಆಗುತ್ತದೆ. ಇಷ್ಟು ಸಾಕು. ನಲವತ್ತೊಂದನ್ನೂ ಲೈವ್ ನೋಡುತ್ತೇನೆ ಅಂತ ಹೊರಟವರು ಡಿಸೆಂಬರ್ ಹೊತ್ತಿಗೆ ಸುಸ್ತಾಗಿ ಪೂರ್ತಿ ಬಿಟ್ಟುಬಿಡುವುದನ್ನು ನೋಡಿದ್ದೇನೆ.

ನೀಲಿ ಗುರುತು ಅರ್ಧಂಬರ್ಧ ನೋಡುವುದಕ್ಕೆ. ನಾನು ವಾರಕ್ಕೆ ಮೂರು ದಿನ ರೈಲಿನಲ್ಲಿ ಬೆಂಗಳೂರಿಗೆ ಹೋಗಿ ಬರುವವನು. ಮಾರ್ಚ್ ನಂತರದ 7.30ರ ಪಂದ್ಯ ಆ ಪ್ರಯಾಣಕ್ಕೆ ಸರಿಹೊಂದುತ್ತದೆ. ಹಿರೇಹಳ್ಳಿ ದಾಟುವಾಗ ಮೊದಲ ಕ್ವಾರ್ಟರ್, ಯಶವಂತಪುರದಲ್ಲಿ ಇಳಿಯುವಾಗ ಮೂರನೆಯದು. ಕೆಲವು ಕಡೆ ಸಿಗ್ನಲ್ ಹೋಗಿ ಚಿತ್ರ ನಿಂತುಬಿಡುತ್ತದೆ. ಅಲ್ಲೆಲ್ಲ ವಿಡಿಯೋ ಬಿಟ್ಟು ಸ್ಕೋರ್ ಪುಟ ತೆಗೆದಿಡಿ, ಅದಕ್ಕೆ ಅಷ್ಟು ನೆಟ್ ಬೇಡ.

ಉಳಿದದ್ದಕ್ಕೆ ಪೆನ್ಸಿಲ್. ಸಂಜೆ ಮನೆಗೆ ಬಂದು ಮರುಪ್ರಸಾರ ನೋಡುವ ಪಂದ್ಯಗಳು.

ಆಗಸ್ಟ್ ಪಟ್ಟಿಯಲ್ಲಿ 41 ಇರುವುದಿಲ್ಲ

ಎಣಿಸಿ ನೋಡಿ ಗಾಬರಿಯಾಗಬೇಡಿ. 2023ರಿಂದ ನವೆಂಬರ್-ಡಿಸೆಂಬರ್‌ನಲ್ಲಿ ಎನ್‌ಬಿಎ ಕಪ್ ಅಂತ ಒಂದು ಟೂರ್ನಿ ಲೀಗ್ ಒಳಗೇ ನಡೆಯುತ್ತದೆ. ಅದಕ್ಕಾಗಿ ಆಗಸ್ಟ್‌ನಲ್ಲಿ ಒಂದೊಂದು ತಂಡಕ್ಕೂ 80 ಪಂದ್ಯ ಮಾತ್ರ ಪ್ರಕಟ ಮಾಡುತ್ತಾರೆ. ಗುಂಪಿನ ಹಂತ ದಾಟದ ತಂಡಗಳಿಗೆ ಉಳಿದ ಎರಡು ಪಂದ್ಯ ಆಮೇಲೆ ಕೊಡುತ್ತಾರೆ, ಒಂದು ತವರಿನಲ್ಲಿ, ಒಂದು ಹೊರಗೆ. ದಾಟಿದರೆ ನಾಕೌಟ್ ಪಂದ್ಯವೇ ಅದಕ್ಕೆ ಲೆಕ್ಕ. ಫೈನಲ್ ಮಾತ್ರ 82ರ ಲೆಕ್ಕಕ್ಕೆ ಸೇರುವುದಿಲ್ಲ. ಹಾಗಾಗಿ ಡಿಸೆಂಬರ್ ಎರಡನೇ ವಾರದಲ್ಲಿ ಪುಟದಲ್ಲಿ ಸ್ವಲ್ಪ ಜಾಗ ಬಿಟ್ಟುಕೊಳ್ಳಿ. ಕಪ್ ಪಂದ್ಯದ ದಿನ ಕೋರ್ಟಿನ ಬಣ್ಣವೇ ಬೇರೆ ಇರುತ್ತದೆ. ಟಿವಿ ಕೆಟ್ಟಿದೆಯೇನೋ ಅಂತ ಅಮ್ಮ ಒಂದು ಸಲ ರಿಮೋಟ್ ತಗೊಂಡು ಬಂದಿದ್ದರು.

ಫೆಬ್ರವರಿ ಮಧ್ಯದಲ್ಲಿ ಆಲ್-ಸ್ಟಾರ್ ಬಿಡುವು, ಅಂದರೆ ತಾರೆಯರ ಪ್ರದರ್ಶನ ಪಂದ್ಯದ ಹೊತ್ತು, ಸುಮಾರು ಒಂದು ವಾರ ಲೀಗ್ ಪಂದ್ಯ ಇರುವುದಿಲ್ಲ. ಅವರ ನವೆಂಬರ್ ನಾಲ್ಕನೇ ಗುರುವಾರವೂ ಇಲ್ಲ, ನಮಗೆ ಅದು ಶುಕ್ರವಾರ ಬೆಳಿಗ್ಗೆ. ಮದುವೆ, ನಾಮಕರಣಕ್ಕೆ ದಿನ ಕೇಳಿದರೆ ಫೆಬ್ರವರಿಯ ಆ ವಾರ ಹೇಳಿಬಿಡಿ.

ಫೋನಿಗೂ ಹಾಕಿಕೊಳ್ಳಿ, ಆದರೆ ಸರಿಯಾದ ರೀತಿಯಲ್ಲಿ

ಎನ್‌ಬಿಎ ಆ್ಯಪ್ ಫೋನಿನ ಸಮಯವನ್ನೇ ತೋರಿಸುತ್ತದೆ. ಫೋನಿನ ಟೈಮ್ ಝೋನ್ ಭಾರತದ್ದೇ ಇದೆಯಾ ಅಂತ ಒಮ್ಮೆ ನೋಡಿಕೊಂಡರೆ ಮುಗಿಯಿತು. ತಂಡದ ವೇಳಾಪಟ್ಟಿಯನ್ನು ಫೋನ್ ಕ್ಯಾಲೆಂಡರ್‌ಗೂ ಸೇರಿಸಬಹುದು. ಇದರಲ್ಲಿ ಎರಡು ಬಗೆ ಇದೆ. ‘ಸಬ್‌ಸ್ಕ್ರೈಬ್’ ಮಾಡಿದರೆ ಅಲ್ಲಿ ಸಮಯ ಬದಲಾದಾಗ ನಿಮ್ಮ ಫೋನಿನಲ್ಲೂ ತಾನಾಗಿ ಬದಲಾಗುತ್ತದೆ. ಫೈಲ್ ಇಳಿಸಿಕೊಂಡು ಹಾಕಿದರೆ ಅವತ್ತು ಇದ್ದದ್ದೇ ಕೊನೆಯವರೆಗೂ ಇರುತ್ತದೆ. ಸಬ್‌ಸ್ಕ್ರೈಬ್ ಮಾಡಿ.

ಹಾಗಾದರೆ ಗೋಡೆ ಕ್ಯಾಲೆಂಡರ್ ಯಾಕೆ? ಮನೆಯವರಿಗೆ ಕಾಣಲಿ ಅಂತ. ಗೋಡೆಯ ಮೇಲೆ ಕೆಂಪು ಅಕ್ಷರ ಇದ್ದರೆ ಆ ಭಾನುವಾರ ರೇಷನ್‌ಗೋ ಸಂತೆಗೋ ಹೋಗುವ ಕೆಲಸ 11 ಗಂಟೆ ಮೇಲೆ ಅಂತ ಯಾರೂ ಹೇಳದೆ ತೀರ್ಮಾನವಾಗುತ್ತದೆ. ಫೋನಿನೊಳಗಿನ ಗುರುತು ನಿಮಗೊಬ್ಬರಿಗೇ ಗೊತ್ತು.

ಲೈವ್ ನೋಡಲು ನಾನು ಬಳಸುವುದು ಎನ್‌ಬಿಎ ಲೀಗ್ ಪಾಸ್, ಅಂದರೆ ಹಣ ಕಟ್ಟಿ ಪಂದ್ಯ ನೋಡುವ ಲೀಗ್‌ನದೇ ಸೇವೆ. ಅದರಲ್ಲಿ ಎರಡು ಅನುಕೂಲ ನನಗೆ ತುಂಬಾ ಇಷ್ಟ. ಒಂದು, ತವರಿನ ತಂಡದ ಕಾಮೆಂಟ್ರಿ ಆರಿಸಿಕೊಳ್ಳಬಹುದು. ನಮ್ಮ ತಂಡದ ಊರಿನವರೇ ಮಾತಾಡುವಾಗ ಸಿಗುವ ಬೆಚ್ಚಗಿನ ಭಾವ ಬೇರೆ. ಇನ್ನೊಂದು, ಸ್ಕೋರ್ ಮರೆಮಾಡುವ ಸೆಟ್ಟಿಂಗ್. ಪೆನ್ಸಿಲ್ ಪಂದ್ಯದ ದಿನ ಬೆಳಿಗ್ಗೆ ಏಳುವ ಮೊದಲೇ ಅದನ್ನು ಆನ್ ಮಾಡಿರಬೇಕು. ನೋಟಿಫಿಕೇಶನ್ ಕೂಡ ನಿಲ್ಲಿಸಿ. ಸಂಜೆಯ ಆಟ ಉಳಿಯುವುದು ಇದರಿಂದಲೇ. ಆರು ಜನರ ನಮ್ಮ ವಾಟ್ಸಾಪ್ ಗುಂಪಿನಲ್ಲಿ ರಾತ್ರಿ 9ರ ಮೊದಲು ಯಾರೂ ಸ್ಕೋರ್ ಬರೆಯುವಂತಿಲ್ಲ. ಬರೆದವರು ಎಲ್ಲರಿಗೂ ಇಡ್ಲಿ ಕೊಡಿಸಬೇಕು.

ಹಿಂದಿನ ದಿನ ಮತ್ತು ಆ ಬೆಳಿಗ್ಗೆ

ವಾರಿಯರ್ಸ್‌ನ ತಾರೆ ಸ್ಟೆಫ್ ಕರಿ ಆಡುತ್ತಾನಾ? ಎಲ್ಲರ ಪ್ರಶ್ನೆ ಇದೇ. ರಜೆ ಹಾಕುವ ಮೊದಲು ಇದನ್ನು ನೋಡಲೇಬೇಕು. ತಂಡಗಳು ಗಾಯದ ವರದಿಯನ್ನು ಪಂದ್ಯದ ಹಿಂದಿನ ದಿನ ಅಲ್ಲಿನ ಸಂಜೆ 5ರೊಳಗೆ ಕೊಡಬೇಕು. ನಮಗೆ ಅದು ಹಿಂದಿನ ಬೆಳಿಗ್ಗೆ 6.30ರ ಹೊತ್ತು, ಗಡಿಯಾರ ಬದಲಾದ ಮೇಲೆ 5.30. ಮಂಗಳವಾರದ ಪಂದ್ಯದ ವರದಿ ಸೋಮವಾರ ಬೆಳಿಗ್ಗೆ ಕಾಫಿ ಹೊತ್ತಿಗೆ ಸಿಕ್ಕಿರುತ್ತದೆ. ‘ಪ್ರಾಬಬಲ್’ ಅಂದರೆ ಬಹುತೇಕ ಆಡುತ್ತಾರೆ. ‘ಕ್ವೆಶ್ಚನಬಲ್’ ಅಂದರೆ ಹೇಳಲಾಗದು. ‘ಡೌಟ್‌ಫುಲ್’ ಅಂದರೆ ಆಸೆ ಬಿಡಿ. ‘ಔಟ್’ ಅಂದರೆ ಔಟ್. ಸತತ ಎರಡು ದಿನ ಪಂದ್ಯ ಇದ್ದರೆ ಎರಡನೆಯದರಲ್ಲಿ ಹಿರಿಯ ಆಟಗಾರರು ಕೂರುವುದು ಸಾಮಾನ್ಯ, ಅದರ ವರದಿಯೂ ಪಂದ್ಯದ ದಿನವೇ ಬರುತ್ತದೆ. ಅಂಥ ಪಂದ್ಯಕ್ಕೆ ಕೆಂಪು ಪೆನ್ನು ಮುಟ್ಟಿಸಬೇಡಿ.

ಪಟ್ಟಿಯಲ್ಲಿ 8.30 ಅಂತ ಇದ್ದರೆ ಚೆಂಡು ಮೇಲೆ ಹೋಗುವುದು 8.40ರ ಸುಮಾರಿಗೆ. ತಲಾ 12 ನಿಮಿಷದ ನಾಲ್ಕು ಕ್ವಾರ್ಟರ್, ಮಧ್ಯೆ 15 ನಿಮಿಷ ಬಿಡುವು. ಟೈಮ್‌ಔಟ್ ಎಲ್ಲ ಸೇರಿ ಎರಡೂಕಾಲು, ಎರಡೂವರೆ ಗಂಟೆ. ಸಮ ಆದರೆ 5 ನಿಮಿಷದ ಓವರ್‌ಟೈಮ್. 11 ಗಂಟೆಗೆ ಯಾರನ್ನೋ ಭೇಟಿಯಾಗುವುದಿದ್ದರೆ 11.30 ಅಂತ ಹೇಳಿ. ಮೊಬೈಲ್ ನೆಟ್‌ನಲ್ಲಿ ನೋಡುವವರು ಚಿತ್ರದ ಗುಣಮಟ್ಟ ಒಂದು ಹಂತ ಇಳಿಸಿ. ದಿನದ ಡೇಟಾ ಮೂರನೇ ಕ್ವಾರ್ಟರ್‌ನಲ್ಲೇ ಮುಗಿದು ಹೋಗಿ ಕೊನೆಯ ಐದು ನಿಮಿಷ ಕೈತಪ್ಪಬಾರದು. ಕರೆಂಟ್ ಹೋಗುವ ದಿನಗಳಿಗೆ ಫೋನ್ ರಾತ್ರಿಯೇ ಚಾರ್ಜ್ ಆಗಿರಲಿ.

ಇಷ್ಟೆಲ್ಲ ತಯಾರಿ ಯಾಕೆ ಅಂತ ಒಂದು ಬೆಳಿಗ್ಗೆ ನನಗೆ ಚೆನ್ನಾಗಿ ಅರ್ಥವಾಯಿತು. 2022ರ ಜನವರಿ 10, ಸೋಮವಾರ. ಎರಡು ದೊಡ್ಡ ಗಾಯಗಳಿಂದ 941 ದಿನ ಆಟದಿಂದ ದೂರ ಇದ್ದ, ಆಗಿನ ನಮ್ಮ ತಂಡದ ಆಟಗಾರ ಕ್ಲೇ ಥಾಂಪ್ಸನ್ ತವರಿಗೆ ವಾಪಸ್ ಬಂದ ಪಂದ್ಯ. ನೋಟ್‌ಬುಕ್ಕಿನಲ್ಲಿ ಆ ದಿನಕ್ಕೆ ಪೆನ್ಸಿಲ್ ಗುರುತಿತ್ತು. ಅವರು ವಾಪಸ್ ಬರುವ ಸುದ್ದಿ ಬಂದ ತಕ್ಷಣ ಅದರ ಮೇಲೆ ಕೆಂಪು ತಿದ್ದಿದೆ. ಪಂದ್ಯದ ಮೊದಲ ಬುಟ್ಟಿ ಅವರದ್ದೇ. 18,000 ಜನ ಹಿಡಿಸುವ ಅಂಗಳ ಎದ್ದು ನಿಂತಿತು. ಇಲ್ಲಿ ನಾನೂ ನಿಂತಿದ್ದೆ, ಕೈಯಲ್ಲಿ ಕಾಫಿ ಲೋಟ ಇತ್ತು. ಹೊರಗಿನ ಅಂಗಳದಲ್ಲಿ ಅದೇ ಬುಟ್ಟಿ ಬಿದ್ದಿದ್ದರೆ ಆ ಸದ್ದು ಇರುತ್ತಿರಲಿಲ್ಲ. 2025ರ ಮಾರ್ಚ್ 14ರ ಬೆಳಿಗ್ಗೆ ಕರಿ ತನ್ನ 4,000ನೇ ಮೂರು ಪಾಯಿಂಟ್ ಶಾಟ್ ಹಾಕಿದಾಗಲೂ ಅಷ್ಟೇ. ಕಿಂಗ್ಸ್ ವಿರುದ್ಧ, ಚೇಸ್ ಸೆಂಟರ್‌ನಲ್ಲಿ. ಎನ್‌ಬಿಎಯಲ್ಲಿ ಅಲ್ಲಿಯವರೆಗೆ ಯಾರೂ ಆ ಸಂಖ್ಯೆ ಮುಟ್ಟಿರಲಿಲ್ಲ. ಅಮೆರಿಕದ ಪುಟಗಳಲ್ಲಿ ಅದರ ತಾರೀಖು ಮಾರ್ಚ್ 13. ನನ್ನ ಗೋಡೆಯಲ್ಲಿ 14.

ಪಟ್ಟಿ ಬದಲಾದಾಗ

ಪ್ರತಿ ಭಾನುವಾರ ಮುಂದಿನ ವಾರದ ಸಮಯವನ್ನು ಒಮ್ಮೆ ನೋಡಿಕೊಳ್ಳಿ. ಐದು ನಿಮಿಷದ ಕೆಲಸ. ಬದಲಾಗುವುದು ಹೆಚ್ಚಾಗಿ ಚಾನೆಲ್ ಕಾರಣಕ್ಕೆ.

ಕೆಲವೊಮ್ಮೆ ಕಾರಣ ಬೇರೆ. 2024ರ ಜನವರಿಯಲ್ಲಿ ವಾರಿಯರ್ಸ್ ಸಹಾಯಕ ಕೋಚ್ ಡೆಯಾನ್ ಮಿಲೊಯೆವಿಚ್ ಹೃದಯಾಘಾತದಿಂದ ತೀರಿಕೊಂಡರು. ಅವರಿಗೆ 46 ವರ್ಷ. ಎರಡು ಪಂದ್ಯ ಮುಂದೂಡಿದರು. ಡಲ್ಲಾಸ್ ವಿರುದ್ಧದ ತವರಿನ ಪಂದ್ಯ ಜನವರಿ 19ರಿಂದ ಏಪ್ರಿಲ್ 2ಕ್ಕೆ ಹೋಯಿತು. ನಮಗೆ ಶನಿವಾರ ಬೆಳಿಗ್ಗೆ ಇದ್ದದ್ದು ಬುಧವಾರಕ್ಕೆ ಬಂತು. ಆ ಚೌಕದ ಗುರುತನ್ನು ನಾನು ಅಳಿಸಲಿಲ್ಲ, ಹಾಗೇ ಬಿಟ್ಟೆ.

ಏಪ್ರಿಲ್ ನಂತರ ಹೊಸ ಲೆಕ್ಕ

ಲೀಗ್ ಮುಗಿದ ಮೇಲೆ ಚಾಂಪಿಯನ್ ಯಾರು ಅಂತ ತೀರ್ಮಾನಿಸುವ ಸುತ್ತುಗಳಿಗೆ ಪ್ಲೇಆಫ್ ಅಂತಾರೆ. ಆಗ ತವರಿನ ಪಂದ್ಯ ಸಿಗುವುದು ತನ್ನ ವಿಭಾಗದಲ್ಲಿ ತಂಡದ ಸ್ಥಾನದ ಮೇಲೆ. ಏಳರಿಂದ ಹತ್ತನೇ ಸ್ಥಾನದವರು ಪ್ಲೇಆಫ್‌ಗೆ ಹೋಗಲು ಪ್ಲೇ-ಇನ್ ಅನ್ನುವ ಅರ್ಹತಾ ಪಂದ್ಯ ಆಡಬೇಕು. ಏಳನೆಯವರ ಅಂಗಳದಲ್ಲಿ ಏಳು-ಎಂಟು, ಒಂಬತ್ತನೆಯವರ ಅಂಗಳದಲ್ಲಿ ಒಂಬತ್ತು-ಹತ್ತು. 2025ರಲ್ಲಿ ಏಳನೇ ಸ್ಥಾನದಲ್ಲಿದ್ದ ವಾರಿಯರ್ಸ್‌ಗೆ ಹೀಗೆ ಮೆಂಫಿಸ್ ವಿರುದ್ಧ ಒಂದು ತವರಿನ ಪಂದ್ಯ ಸಿಕ್ಕಿತು, ಗೆದ್ದೆವು, 121-116.

ಪ್ಲೇಆಫ್‌ನಲ್ಲಿ ಒಂದು ಸರಣಿಗೆ ಹೆಚ್ಚೆಂದರೆ ಏಳು ಪಂದ್ಯ. ಮೇಲಿನ ಸ್ಥಾನದವರಿಗೆ 1, 2, 5, 7 ತವರಿನಲ್ಲಿ. ಕೆಳಗಿನವರಿಗೆ 3, 4, 6. ದಿನಾಂಕ ಕೆಲವೇ ದಿನ ಮುಂಚೆ ತಿಳಿಯುತ್ತದೆ, ಆದ್ದರಿಂದ ಇಲ್ಲಿ ಪೆನ್ಸಿಲ್ ಮಾತ್ರ. ಗಡಿಯಾರ ಬದಲಾಗುವ ತಲೆನೋವು ಈಗ ಇಲ್ಲ, ಜೂನ್‌ವರೆಗೂ ಹನ್ನೆರಡೂವರೆ ಗಂಟೆಯೇ. ಮಕ್ಕಳಿಗೆ ಬೇಸಿಗೆ ರಜೆ. ಮನೆಮಂದಿಯೆಲ್ಲ ಕೂತು ನೋಡಲು ಇದಕ್ಕಿಂತ ಒಳ್ಳೇ ಕಾಲ ಇಲ್ಲ.

ಅಲ್ಲಿಗೇ ಹೋಗುವವರಿಗೆ

ನಮ್ಮ ಕಡೆಯ ಎಷ್ಟೋ ಮನೆಗಳ ಮಕ್ಕಳು ಸ್ಯಾನ್ ಹೋಸೆ, ಸನ್ನಿವೇಲ್, ಫ್ರೀಮಾಂಟ್ ಕಡೆ ಕೆಲಸದಲ್ಲಿದ್ದಾರೆ. ಅಪ್ಪ ಅಮ್ಮ ನೋಡಲು ಹೋಗುವುದು ಸಾಮಾನ್ಯವಾಗಿ ಮೇಯಿಂದ ಸೆಪ್ಟೆಂಬರ್‌ವರೆಗೆ, ಅಲ್ಲಿ ಚಳಿ ಕಮ್ಮಿ ಅಂತ. ಆದರೆ ಆ ತಿಂಗಳುಗಳಲ್ಲಿ ಲೀಗ್ ಪಂದ್ಯ ಒಂದೂ ಇರುವುದಿಲ್ಲ! ಪಂದ್ಯ ನೋಡುವ ಆಸೆ ಇದ್ದರೆ ಟಿಕೆಟ್ ಬುಕ್ ಮಾಡುವ ಮೊದಲೇ ಹೇಳಿ. ಅಕ್ಟೋಬರ್ ಕೊನೆ ಅಥವಾ ಮಾರ್ಚ್ ಕೊನೆ ಒಳ್ಳೆಯದು. ಪಟ್ಟಿಯಲ್ಲಿ ಸತತ ನಾಲ್ಕೈದು ತವರಿನ ಪಂದ್ಯ ಇರುವ ವಾರಗಳನ್ನು ಹುಡುಕಿ, ಒಂದು ತಪ್ಪಿದರೆ ಇನ್ನೊಂದು ಇರುತ್ತದೆ. ವಾರದ ನಡುವೆ, ಪಟ್ಟಿಯ ಕೆಳಗಿರುವ ತಂಡದ ಜೊತೆಗಿನ ಪಂದ್ಯಕ್ಕೆ ಟಿಕೆಟ್ ಬೆಲೆ ಕಮ್ಮಿ. ಲೇಕರ್ಸ್ ಬಂದ ದಿನ ಜಾಸ್ತಿ.

ಸನ್ನಿವೇಲ್ ಕಡೆಯಿಂದ ಕ್ಯಾಲ್‌ಟ್ರೇನ್ ರೈಲು ಹಿಡಿದು ಸ್ಯಾನ್ ಫ್ರಾನ್ಸಿಸ್ಕೋದ ಕೊನೆಯ ನಿಲ್ದಾಣದಲ್ಲಿ ಇಳಿದರೆ ಅಲ್ಲಿಂದ ನಡೆದೇ ಹೋಗಬಹುದು. ಊರೊಳಗೆ ಓಡುವ ಟಿ ಮಾರ್ಗದ ಮ್ಯೂನಿ ರೈಲು ಅಂಗಳದ ಎದುರಿಗೇ ನಿಲ್ಲುತ್ತದೆ. ಪಂದ್ಯದ ಟಿಕೆಟ್ ತೋರಿಸಿದರೆ ಅವತ್ತು ಮ್ಯೂನಿಗೆ ಬೇರೆ ಟಿಕೆಟ್ ಬೇಡ. ಸ್ವಲ್ಪ ಬೇಗ ಹೋಗಿ. ಪಂದ್ಯಕ್ಕೆ ಮುಂಚೆ ಕರಿ ಅಭ್ಯಾಸ ಮಾಡುವುದನ್ನು ನೋಡಲೆಂದೇ ಜನ ಬೇಗ ಬಂದು ಕೂರುತ್ತಾರೆ. ಸಮುದ್ರದ ಗಾಳಿ ಇದೆ, ಸ್ವೆಟರ್ ಮರೆಯಬೇಡಿ.

ಗೋಡೆ ಕ್ಯಾಲೆಂಡರ್ ಬಗ್ಗೆ ಒಂದು ಮಾತು ಬಿಟ್ಟುಹೋಗಿತ್ತು

ವೇಳಾಪಟ್ಟಿ ಬರುವುದು ಆಗಸ್ಟ್‌ನಲ್ಲಿ. ಆಗ ಮುಂದಿನ ವರ್ಷದ ಕ್ಯಾಲೆಂಡರ್ ಇನ್ನೂ ಅಂಗಡಿಗೆ ಬಂದಿರುವುದಿಲ್ಲ. ಹಾಗಾಗಿ ಅಕ್ಟೋಬರ್‌ನಿಂದ ಡಿಸೆಂಬರ್‌ವರೆಗಿನದನ್ನು ಗೋಡೆಗೆ ಹಾಕಿ, ಜನವರಿಯಿಂದ ಏಪ್ರಿಲ್‌ವರೆಗಿನದನ್ನು ನೋಟ್‌ಬುಕ್ಕಿನಲ್ಲೇ ಇಟ್ಟಿರಿ. ನಮ್ಮ ಮನೆಯಲ್ಲಿ ಹೊಸ ಕ್ಯಾಲೆಂಡರ್ ಬಂದ ದಿನ ಮೊದಲು ಅಮ್ಮ ಕನ್ನಡಕ ಹಾಕಿಕೊಂಡು ಕೂರುತ್ತಾರೆ. ಏಕಾದಶಿ, ಸಂಕಷ್ಟಿ, ಯುಗಾದಿ ಯಾವಾಗ ಅಂತ ಒಂದೊಂದೇ ಹಾಳೆ ತಿರುವಿ ನೋಡುತ್ತಾರೆ. ಎಲ್ಲ ನೋಡಿಯಾದ ಮೇಲೆ ಕ್ಯಾಲೆಂಡರ್ ನನ್ನ ಕಡೆ ತಳ್ಳುತ್ತಾರೆ. “ತಗೋ, ಇನ್ನು ನಿಂದು ಬರ್ಕೋ. ಹಾಲಿನ ಲೆಕ್ಕಕ್ಕೆ ಜಾಗ ಬಿಡು.”